ಶನಿವಾರ ಸಾಯಬೇಕಾದ ನಗೆಗಾರ

ಬೆಳಿಗ್ಗೆ ಬ್ರೆಡ್ಡು ತರಲೆಂದು ಹೊರಟ ರಾಂಗೆಲ್ ಕುಯುಮೊವ್‌ನಿಗೆ ತನ್ನ ಸಾವಿನ ಸುದ್ದಿ ಬಸ್ ನಿಲ್ದಾಣದ ಅಕ್ರೋಟು ಮರದ ಮೇಲೆ ಸಿಕ್ಕಿತು.

ಚೆರ್ನಿ ದೋಲ್ ಊರಿನಲ್ಲಿ ಸತ್ತವರೆಲ್ಲ ಮೊದಲು ಆ ಮರಕ್ಕೇ ಬರುತ್ತಾರೆ. ಕಪ್ಪು ಅಂಚಿನ ಒಂದು ಹಾಳೆ, ನಡುವೆ ಫೋಟೊ, ಅದರ ಕೆಳಗೆ ಹೆಸರು, ಮಣ್ಣು ಮಾಡುವ ಹೊತ್ತು, ಕೊನೆಯಲ್ಲಿ ದುಃಖತಪ್ತರ ಹೆಸರುಗಳು. ಮನೆಬಾಗಿಲಿಗೊಂದು, ಮರಕ್ಕೊಂದು, ಅಂಗಡಿ ಗೋಡೆಗೊಂದು. ನಲವತ್ತನೇ ದಿನಕ್ಕೆ ಮತ್ತೊಂದು, ವರ್ಷ ತುಂಬಿದಾಗ ಇನ್ನೊಂದು. ಬಸ್ಸಿಗೆ ಕಾಯುವವರು ಸತ್ತವರನ್ನು ಓದುತ್ತಾ ಕಾಯುತ್ತಾರೆ. ಸೀಸ ಕರಗಿಸುವ ಕಾರ್ಖಾನೆ ಇರುವ ಊರಾದ್ದರಿಂದ ಓದುವುದಕ್ಕೆ ಯಾವತ್ತೂ ಬರವಿಲ್ಲ.

ಹಾಳೆಯಲ್ಲಿ ಅವನ ಹೆಸರು ಸರಿಯಾಗಿಯೇ ಇತ್ತು. ಫೋಟೊ ಮಾತ್ರ ಹಳೆಯದು. ಕೆನ್ನೆ ಒಳಸೇದಿದ, ನಗದ ಹರೆಯದ ಹುಡುಗ. ಎಲ್ಲಿಯ ಫೋಟೊ ಎಂದು ನೆನಪಾಗಲು ಒಂದು ಗಳಿಗೆ ಹಿಡಿಯಿತು. ಕುಲುಮೆಯಲ್ಲಿ ದುಡಿಯುತ್ತಿದ್ದ ಕಾಲದಲ್ಲಿ ಅಂಗಿಗೆ ಸಿಕ್ಕಿಸಿಕೊಳ್ಳಲು ಕೊಟ್ಟಿದ್ದ ಗುರುತಿನ ಬಿಲ್ಲೆಯದು ಅದು. ಅವನ ಬಳಿಯೂ ಅದರ ಪ್ರತಿ ಇರಲಿಲ್ಲ. ಇರುವುದಾದರೆ ಅದು ಕಾರ್ಖಾನೆಯ ಕಚೇರಿಯಲ್ಲಿ ಮಾತ್ರ.

‘ನಮ್ಮೆಲ್ಲರ ನಗೆಗಾರ ರಾಂಗೆಲ್ ಕುಯುಮೊವ್ ಈ ಶನಿವಾರ ನಮ್ಮನ್ನಗಲುತ್ತಾನೆ. ಅಂತಿಮ ದರ್ಶನ ಸಂಜೆ ಓದುಮನೆಯ ಸಭಾಂಗಣದಲ್ಲಿ. ದುಃಖತಪ್ತೆ: ತಾಯಿ ದೋನಾ.’

ಶನಿವಾರ ಸಂಜೆ ಓದುಮನೆಯ ಸಭಾಂಗಣದಲ್ಲಿ ಅವನ ಹೊಸ ಚಿತ್ರದ ಮೊದಲ ಪ್ರದರ್ಶನವಿತ್ತು.

ಅವನು ಉಗುರು ಹಾಕಿ ಹಾಳೆಯ ಮೂಲೆ ಕೆರೆಯತೊಡಗಿದ. ಹಿಂದಿನಿಂದ ಕೋಲೊಂದು ಬೆನ್ನಿಗೆ ತಿವಿಯಿತು.

“ಏಯ್ ದರಿದ್ರದವನೇ! ಸತ್ತವರ ಕಾಗದಕ್ಕೆ ಕೈ ಹಾಕ್ತೀಯಾ? ಮಳೆ ಬಂದು ತೊಳ್ಕೊಂಡು ಹೋಗ್ಬೇಕು ಅದು. ಮನುಷ್ಯರಾದವರು ಕೀಳ್ತಾರಾ?”

ಮೇಲಿನ ಓಣಿಯ ಮುದುಕಿ, ಮಾರುಕಟ್ಟೆಯ ಚೀಲ ಹಿಡಿದು ನಿಂತಿದ್ದಳು.

“ಇದು ನಂದೇ ಕಾಗದ, ಅಜ್ಜಿ.”

“ಯಾರದಾದ್ರೇನೋ! ಸತ್ತವನಿಗೆ ಒಂದು ಮರ್ಯಾದೆ ಬೇಡ್ವಾ?” ಎನ್ನುತ್ತಾ ಮುದುಕಿ ಮುಖ ಹತ್ತಿರ ತಂದು ಓದಿದಳು. ಹಾಳೆ ನೋಡಿದಳು, ಅವನನ್ನು ನೋಡಿದಳು, ಮತ್ತೆ ಹಾಳೆ ನೋಡಿದಳು. ಎದೆಯ ಮೇಲೆ ಶಿಲುಬೆ ಗೀರಿಕೊಂಡಳು. “ಥೂ ನಿನ್ನ! ಪಿಕ್ಚರ್ ಓಡ್ಲಿ ಅಂತ ಸಾವನ್ನೂ ಮಾರಾಟಕ್ಕಿಟ್ಯಾ? ಹೆತ್ತವಳ ಹೆಸರು ಬೇರೆ!”

ಬೆಂಚಿನ ಮೇಲೆ ಕೂತಿದ್ದ ಪಾಳಿ ಕೆಲಸದವರಿಬ್ಬರು ಹೊಟ್ಟೆ ಹಿಡಿದು ನಗುತ್ತಿದ್ದರು.

“ಅಣ್ಣಾ, ಪ್ರಚಾರ ಅಂದ್ರೆ ಇದು ನೋಡು! ಟಿಕೆಟ್ಟಿಗೆ ಬದಲು ಮೇಣದಬತ್ತಿ ತರ್ಬೇಕಾ?”

“ನಾನು ಅಂಟಿಸಿದ್ದಲ್ಲ ಇದು,” ಎಂದ ರಾಂಗೆಲ್.

ಅವರು ಇನ್ನೂ ಜೋರಾಗಿ ನಕ್ಕರು.

ಆ ಕ್ಷಣದಲ್ಲೇ ಅವನಿಗೆ ಬಲೆಯ ಅಗಲ ತಿಳಿದುಬಿಟ್ಟಿತು. ಬೇರೆ ಯಾರ ಹೆಸರಿನ ಕಾಗದ ಅಂಟಿಸಿದ್ದರೂ ಊರು ಬೆಚ್ಚಿ ಬೀಳುತ್ತಿತ್ತು. ನಗಿಸಿ ಬದುಕುವವನ ಕುತ್ತಿಗೆ ಹಿಸುಕಿದರೆ ಅವನ ನರಳಾಟವೂ ಆಟದ ಭಾಗವಾಗಿಯೇ ಕಾಣುತ್ತದೆ. ಇದನ್ನು ಯಾರೋ ಕಚೇರಿಯಲ್ಲಿ ಕುರ್ಚಿಗೆ ಒರಗಿ, ಕಾಫಿ ಕುಡಿಯುತ್ತಾ, ಚೆನ್ನಾಗಿ ಯೋಚಿಸಿ ಮಾಡಿದ್ದರು.

ಕುಲುಮೆಯಿಂದ ಅವನನ್ನು ಹೊರದಬ್ಬಿದ್ದೂ ಒಂದು ಅಣಕವೇ. ಊಟದ ಮನೆಯಲ್ಲಿ ಮೇಸ್ತ್ರಿಯ ನಡಿಗೆಯನ್ನು ಮಾಡಿ ತೋರಿಸುತ್ತಿದ್ದ. ಮೇಸ್ತ್ರಿ ಬಾಗಿಲಲ್ಲಿ ನಿಂತು ಕೊನೆಯ ತನಕ ನೋಡಿದ, ಮರುದಿನ ಕೆಲಸವಿಲ್ಲ. ಸೋದರಮಾವನ ಹಳೆಯ ಕ್ಯಾಮೆರಾ ಹಿಡಿದು ಮದುವೆಗಳಿಗೆ ಹೋದ. ಕುಡಿದ ಭಾವಂದಿರು, ಮುನಿಸಿಕೊಂಡ ಅತ್ತೆಯರು, ಊಟದ ಮೇಜಿನ ಕೆಳಗೆ ಮಾಂಸದ ತುಂಡು ಜೇಬಿಗಿಳಿಸುವ ಪಾದ್ರಿ. ರಾಜಧಾನಿಯ ಯಾವ ನಟನೂ ಇವರ ಮುಂದೆ ನಿಲ್ಲಲಾರ ಅನ್ನಿಸಿತು. ಅಮ್ಮನ ಹಿತ್ತಲಲ್ಲೇ ಮೊದಲ ಚಿತ್ರ ತೆಗೆದ. ಕೋಳಿ ಎಷ್ಟು ಸಲ ಕೂಗಿತೆಂದು ತೆರಿಗೆ ಹಾಕುವ ಅಧಿಕಾರಿಯ ಕತೆ. ಅಂಗಿಯೊಳಗೆ ದಿಂಬು ಕಟ್ಟಿಕೊಂಡು ತಾನೇ ಅಧಿಕಾರಿಯಾದ. ಅಕ್ಕಪಕ್ಕದವರು ತಾವಾಗಿಯೇ ನಿಂತರು, ತಮ್ಮ ಬೈಗುಳಗಳನ್ನು ತಾವೇ ಬೈದರು. ಗುರುವಾರದ ಸಂತೆಯಲ್ಲಿ ಟೊಮೇಟೊ ಬುಟ್ಟಿಗಳ ಪಕ್ಕ ಡಿವಿಡಿ ಹರಡಿಕೊಂಡು ಕೂತ. ಸುತ್ತಲ ಹಳ್ಳಿಗಳಲ್ಲಿ ಡಿವಿಡಿ ಸವೆದು ಚಿತ್ರ ನಿಲ್ಲುವ ತನಕ ನೋಡಿದರು.

ಆಮೇಲಿಂದ ಬರೆಯುವವನೂ ಅವನೇ, ನಟಿಸುವವನೂ ಅವನೇ, ಕತ್ತರಿಸಿ ಜೋಡಿಸುವವನೂ ಅವನೇ. ಗೋಡೆಗೆ ಅಂಟು ಬಳಿಯುವವನೂ ಅವನೇ. ಒಮ್ಮೆ ಮಾತ್ರ ರಾಜಧಾನಿಗೆ ಹೋಗಿ ಸಿನಿಮಾ ಸಮಿತಿಯ ಮುಂದೆ ನಿಂತಿದ್ದ. ಕುತ್ತಿಗೆಗೆ ರೇಷ್ಮೆ ಸುತ್ತಿಕೊಂಡ ಹೆಂಗಸೊಬ್ಬಳು, “ನಿಮ್ಮ ಪಾತ್ರಗಳು ತುಂಬಾ ಕಿರುಚ್ತವೆ. ಈ ಥರದ ನಗು ಗಡಿ ದಾಟಲ್ಲ,” ಎಂದಳು. “ನಮ್ಮೂರಿನ ಹೊಗೆ ದಾಟ್ತದಲ್ಲ ಮೇಡಂ, ನಗು ಯಾಕೆ ದಾಟಲ್ಲ?” ಎಂದು ಕೇಳಿ ಬಂದ. ಮುಂದೆ ಅತ್ತ ತಲೆ ಹಾಕಲಿಲ್ಲ. ಟಿವಿಯವರು ಒಂದು ಚಿತ್ರ ಕೊಂಡು, ಕಾರ್ಖಾನೆ ಬರುವ ಕಡೆಯೆಲ್ಲ ಕತ್ತರಿಸಿ, ಜನ ಕೆಸರಿಗೆ ಬೀಳುವುದನ್ನಷ್ಟೇ ತೋರಿಸಿದರು. ಬಡವ ಬೀಳಬೇಕು, ಯಾಕೆ ಬಿದ್ದ ಎಂದು ಮಾತ್ರ ಯಾರೂ ಕೇಳಬಾರದು. ಅದು ಅವರ ಹಾಸ್ಯ.

ಈ ಸಲದ ಚಿತ್ರದ ಹೆಸರು ‘ನಾಯಿಯ ಗಾಳಿ’. ಕಾರ್ಖಾನೆಯ ಒಡೆಯನೊಬ್ಬನ ನಾಯಿಗೆ ಕೆಮ್ಮು ಹತ್ತುತ್ತದೆ. ಒಡೆಯ ಬೆಟ್ಟದ ಮೇಲಿನ ಶುದ್ಧ ಗಾಳಿಯನ್ನು ಗಾಜಿನ ಜಾಡಿಗಳಲ್ಲಿ ತುಂಬಿಸಿ ತರಿಸುತ್ತಾನೆ. ನಾಯಿ ಮೂಸಿ ಬಿಟ್ಟ ಖಾಲಿ ಜಾಡಿಗಳಿಗೆ ಊರಿನ ತಾಯಂದಿರು ಮಕ್ಕಳನ್ನೆತ್ತಿಕೊಂಡು ಸಾಲು ನಿಲ್ಲುತ್ತಾರೆ. ಮುದುಕಿಯರು ಉಪ್ಪಿನಕಾಯಿ ಹಾಕುವ ಹಾಗೆ ಗಾಳಿಯನ್ನೂ ಚಳಿಗಾಲಕ್ಕೆಂದು ಮುಚ್ಚಳ ಬಿಗಿದು ನೆಲಮಾಳಿಗೆಯಲ್ಲಿ ಇಡುತ್ತಾರೆ. ಒಡೆಯನಾಗಿ ರಾಂಗೆಲ್, ನಾಯಿಯ ದಾದಿಯಾಗಿ ಬಾಲ್ಯದ ಗೆಳೆಯ ಮೆತೊದಿ. ಜಾಡಿಗೆ ಮುಚ್ಚಳ ಹಾಕುವ ಮುದುಕಿ ಅವನ ಅಮ್ಮನೇ.

ನಿಜವಾದ ಒಡೆಯ ಪರ್ವಾನ್ ಬಾಲ್ಟೊವ್ ಸಣಕಲು, ಮೆತ್ತಗೆ ಮಾತನಾಡುವವನು, ಮೀಸೆಯಿಲ್ಲ. ಚಿತ್ರದವನಿಗೆ ರಾಂಗೆಲ್ ಬೇಕೆಂದೇ ದಪ್ಪ ಮೀಸೆಯನ್ನೂ ದೊಡ್ಡ ಹೊಟ್ಟೆಯನ್ನೂ ಕೊಟ್ಟಿದ್ದ. ಆದರೂ ಬೀದಿಯಲ್ಲಿ ಚಿತ್ರೀಕರಣ ನಡೆದಾಗ ಪುಟ್ಟ ಮಕ್ಕಳೂ “ಬಾಲ್ಟೊವ್! ಬಾಲ್ಟೊವ್!” ಎಂದು ಕೂಗಿದ್ದವು.

ಕಿತ್ತ ಹಾಳೆ ಹಿಡಿದು ರಾಂಗೆಲ್ ಠಾಣೆಗೆ ಹೋದ. ಅಧಿಕಾರಿ ಎದ್ದು ನಿಂತು ಸ್ವಾಗತಿಸಿದ.

“ಬಾರಯ್ಯಾ ಸ್ವರ್ಗವಾಸಿ! ಕ್ಯಾಮೆರಾ ಎಲ್ಲಿಟ್ಟಿದ್ದೀಯಾ? ಈ ಗುಂಡಿಯೊಳಗಾ?” ಎಂದು ಅವನ ಅಂಗಿಯ ಗುಂಡಿ ತಿರುವಿ ನೋಡಿದ. “ಹೇಳು, ನಾನೀಗ ಯಾವ ಡೈಲಾಗ್ ಹೊಡೀಬೇಕು?”

“ದೂರು ಬರ್ಕೊಳ್ಳಿ. ಇದು ಬೆದರಿಕೆ. ಈ ಫೋಟೊ ಇರೋದು ಕಾರ್ಖಾನೆ ಕಚೇರೀಲಿ ಮಾತ್ರ.”

“ಆಹಾ! ಆ ಮುಖ ನೋಡು, ಏನು ಗಂಭೀರ! ನಿನ್ನ ಕೋಳಿ ಪಿಕ್ಚರ್‌ನಲ್ಲೂ ಹೀಗೇ ಮುಖ ಮಾಡಿದ್ದೆ ಅಲ್ವಾ? ನನ್ನ ಹೆಂಡ್ತಿ ಇವತ್ತಿಗೂ ನೆನೆಸ್ಕೊಂಡು ನಗ್ತಾಳೆ.”

“ಸಾರ್, ನಾನು ಆಟ ಆಡ್ತಿಲ್ಲ.”

ಅಧಿಕಾರಿಯ ನಗು ಅಲ್ಲಿಗೆ ನಿಂತಿತು. ಬಾಗಿಲತ್ತ ಒಮ್ಮೆ ನೋಡಿ ದನಿ ತಗ್ಗಿಸಿದ. “ನೋಡು ರಾಂಗೆಲ್. ನೀನು ಆಡ್ತಿದ್ರೆ ನಾನೂ ನಗ್ತೀನಿ, ಊರೂ ನಗುತ್ತೆ. ಆಡ್ತಿಲ್ಲ ಅಂದ್ರೆ ಆ ಫೋಟೊ ಯಾರ ಹತ್ರ ಇತ್ತು ಅಂತ ನಾನು ಹೋಗಿ ಕೇಳ್ಬೇಕಾಗುತ್ತೆ. ನನಗೆ ಕೇಳೋ ಆಸೆ ಇಲ್ಲ. ಹಾಗಾಗಿ ನೀನು ಆಡ್ತಾ ಇದ್ದೀಯ. ತಿಳೀತಾ?”

ತಿಳಿಯಿತು. ಸಮವಸ್ತ್ರ ತೊಟ್ಟವನ ಬಾಯಲ್ಲಿ ಕಾನೂನು ಇಷ್ಟು ಸಲೀಸಾಗಿ ತಿಳಿಯುವುದುಂಟು.

ಮನೆಯಲ್ಲಿ ಅಮ್ಮ ದೋನಾ ಹಿತ್ತಲಲ್ಲಿ ಕೂತು ಸುಟ್ಟ ಕೆಂಪು ದಪ್ಪ ಮೆಣಸಿನಕಾಯಿಯ ಸಿಪ್ಪೆ ಸುಲಿಯುತ್ತಿದ್ದಳು. ಮೊಣಕೈ ತನಕ ಮಸಿ. ಮಗನನ್ನು ಕಂಡರೂ ತಲೆಯೆತ್ತಲಿಲ್ಲ.

“ಅಂಗಡಿಗೆ ಹೋಗಿದ್ದೆ. ‘ನಿಮ್ಮ ಮಗ ಒಳ್ಳೆ ತಮಾಷೆ ಮಾಡ್ದ, ದೋನಕ್ಕ’ ಅಂತ ಅಂಗಡಿಯವಳು ನಕ್ಕಳು. ಎಣ್ಣೆ ತಗೊಳ್ದೆ ಬಂದೆ.” ಇನ್ನೊಂದು ಮೆಣಸಿನಕಾಯಿಯ ತೊಟ್ಟು ಮುರಿದಳು. “ನೀನೇ ಅಂಟಿಸಿದ್ಯಾ?”

“ಅಮ್ಮಾ! ನೀನೂನಾ?”

“ಕೇಳಿದ್ದಕ್ಕೆ ಹೇಳು.”

“ಇಲ್ಲ.”

“ಸರಿ.” ಅವಳು ಇನ್ನೊಂದರ ಸಿಪ್ಪೆ ಎಳೆದಳು. “ನಿಮ್ಮಪ್ಪನ ಕಾಗದದ ಮೇಲೆ ನನ್ನ ಹೆಸರು ಹಾಕಿಸಿದ್ದೆ. ನಾನು ಸತ್ತಾಗ ನನ್ನ ಕಾಗದದ ಮೇಲೆ ನಿನ್ನ ಹೆಸರು ಬರ್ಬೇಕು. ಅಷ್ಟೇ ನಾನು ಕೇಳಿದ್ದು ಆ ದೇವರ ಹತ್ರ. ಆ ಸಾಲನ್ನ ತಿರುಗಿಸಿ ಬರೆದ ಸೂಳೆಮಗ ಯಾರು?”

“ಗೊತ್ತಲ್ಲಮ್ಮ ನಿಂಗೆ.”

“ಗೊತ್ತು. ನಿಮ್ಮಪ್ಪನ್ನ ಆ ಮರಕ್ಕೆ ಕಳ್ಸಿದ್ದೂ ಅವನೇ,” ಎಂದು ದೋನಾ ಬೀಜದ ಗುಚ್ಛವನ್ನು ಬಕೆಟ್ಟಿಗೆ ಎಸೆದಳು.

ಮೆತೊದಿ ಬೀದಿಯ ಬಾಗಿಲಿನಿಂದ ಬರಲಿಲ್ಲ. ಹಿತ್ತಲ ಬೇಲಿಯ ಸಂದಿಯಲ್ಲಿ ತನ್ನ ಹೊಟ್ಟೆ ತೂರಿಸಿಕೊಂಡು ಬಂದ. ಚಿತ್ರಗಳಲ್ಲಿ ಅವನು ಹೀಗೆ ತೂರಿಕೊಂಡರೆ ಜನ ಬಿದ್ದು ಬಿದ್ದು ನಗುತ್ತಿದ್ದರು. ಈಗ ಅವನು ಬಂದ ದಾರಿಯನ್ನೇ ಹಿಂತಿರುಗಿ ನೋಡಿದ.

“ಬಾಲ್ಟೊವ್ ಕಡೆಯವರು ನನ್ನ ಮಗನ ಹತ್ರ ಬಂದಿದ್ರು ಕಣೋ. ಅವನು ಕೆಲಸ ಮಾಡೋ ಕುಲುಮೆ ಹತ್ರಾನೇ. ಹೊಡೀಲಿಲ್ಲ, ಬೈಲಿಲ್ಲ. ‘ಶನಿವಾರ ನಿಮ್ಮಪ್ಪ ಎಲ್ಲಿರ್ತಾರೆ?’ ಅಂತ ಕೇಳಿದ್ರಂತೆ, ಅಷ್ಟೇ.”

“ನೀನೇನಂದೆ ಮಗನಿಗೆ?”

“ಏನನ್ಲಿ? ಅವನ ಹೆಂಡ್ತಿ ಬಸುರಿ.” ಮೆತೊದಿ ಕಲ್ಲಿನ ಮೇಲೆ ಕುಸಿದು ಕೂತ. “ನೀನೇ ಅಂಟಿಸಿದ್ದು ಅಂತ ಹೇಳ್ಬಿಡೋ ಮಾರಾಯ. ತಮಾಷೆ ಆಗಿದ್ರೆ ತಾನೇ ನಾವೆಲ್ಲ ಬರೋಕಾಗೋದು? ತಮಾಷೆ ನೋಡೋಕೆ ಹೋಗಿದ್ದೆ ಅಂತ ಯಾರ ಹತ್ರ ಬೇಕಾದ್ರೂ ಹೇಳ್ಕೋಬಹುದು. ಬೆದರಿಕೆ ಅಂತಾಯ್ತೋ, ಬಂದವನು ಬಾಲ್ಟೊವ್ ವಿರುದ್ಧ ಬಂದ ಹಾಗೆ. ಯಾರು ಬರ್ತಾರೆ ಹೇಳು?”

“ಅಂದ್ರೆ ನನ್ನ ಸಾವಿಗೆ ನಾನೇ ರುಜು ಹಾಕ್ಬೇಕು.”

“ಪಿಕ್ಚರ್ ನೋಡ್ಬೇಕು ಜನ. ಅದು ಬೇಕೋ ಬೇಡ್ವೋ ನಿಂಗೆ?”

ಓದುಮನೆಯ ಕಾರ್ಯದರ್ಶಿ ವೆನೆತಾ ಹೇಳಿದ್ದೂ ಅದನ್ನೇ, ಸ್ವಲ್ಪ ಶಿಷ್ಟವಾಗಿ. ಊರಿನ ಮುತ್ತಜ್ಜಂದಿರು ಕಲ್ಲು ಹೊತ್ತು, ಇಟ್ಟಿಗೆ ಇಟ್ಟು ಕಟ್ಟಿದ ಓದುಮನೆ ಅದು. ಓದಲು ಬಾರದವರು ಓದುವವರ ಬಾಯಿಂದ ಕೇಳಲಿ ಎಂದು ಕಟ್ಟಿದ್ದು. ಈಗ ಅದರ ಮಾಡಿಗೆ ಹೆಂಚು ಕೊಡುವವನು ಬಾಲ್ಟೊವ್, ಚಳಿಗಾಲಕ್ಕೆ ಕಟ್ಟಿಗೆ ಕೊಡುವವನೂ ಅವನೇ.

“ಪ್ರಚಾರದ ತಮಾಷೆ ಅಂತಾದ್ರೆ ಬೀಗ ತೆಗೀತೀನಿ ರಾಂಗೆಲ್,” ಎಂದಳು ಅವಳು, ಬೀಗದ ಕೈಗೊಂಚಲನ್ನು ಒಂದು ಅಂಗೈಯಿಂದ ಇನ್ನೊಂದಕ್ಕೆ ಸುರಿಯುತ್ತಾ. “ಜೀವ ಬೆದರಿಕೆ ಅಂತಾದ್ರೆ ಸುರಕ್ಷತೆಯ ಪ್ರಶ್ನೆ ಬರುತ್ತೆ. ಹೇಗೆ ತೆಗೀಲಿ? ನೀವೇ ಹೇಳಿ. ಒಂದೇ ಒಂದು ಮಾತು.”

ಈ ಊರಲ್ಲಿ ಬೇರೆ ಸಭಾಂಗಣವಿಲ್ಲ. ಡಿವಿಡಿ ಕೊಳ್ಳುವ ಕಾಲ ಮುಗಿದಿತ್ತು. ಈ ಚಿತ್ರವನ್ನು ಈ ಜನ ಒಟ್ಟಿಗೆ ಕೂತು, ಪಕ್ಕದವನ ಭುಜಕ್ಕೆ ಭುಜ ತಾಗಿಸಿ ನೋಡದೆ ಹೋದರೆ ತೆಗೆದದ್ದೇ ವ್ಯರ್ಥ. ಒಬ್ಬೊಬ್ಬರೇ ಮನೆಯೊಳಗೆ ಕೂತು ಹೆದರುವವರನ್ನು ಒಂದು ಕಡೆ ಕೂರಿಸಿ ನಗಿಸುವುದೇ ಅವನ ಕಸುಬು. ರಾಂಗೆಲ್ ಬೀಗದ ಕೈಗೊಂಚಲನ್ನು ನೋಡಿದ.

“ತಮಾಷೆ,” ಎಂದ.

ಶನಿವಾರದ ತನಕ ಆ ಮಾತಿನ ಹಿಂದೆಯೇ ಬದುಕಿದ. “ಬಾರೋ ಸತ್ತವನೇ, ಒಂದು ಲೋಟ ರಾಕಿಯಾ ಹಾಕು” ಎಂದು ಹೋಟೆಲಿನವರು ಕರೆದರು. ಕುಡಿಯುವ ಮುನ್ನ ಸತ್ತವರಿಗೆಂದು ನೆಲಕ್ಕೆ ಚೆಲ್ಲುವ ಹನಿಯನ್ನು ಅವನ ಬೂಟಿನ ಮೇಲೇ ಚೆಲ್ಲಿ ನಕ್ಕರು. ಅವನೂ ನಕ್ಕ. ಮನೆಯ ಕನ್ನಡಿಯಲ್ಲಿ ಆ ನಗುವನ್ನು ಕಂಡು, ಕನ್ನಡಿಯನ್ನೇ ಗೋಡೆಗೆ ತಿರುಗಿಸಿಟ್ಟ. ಅಮ್ಮ ಮಾತು ಬಿಟ್ಟಿದ್ದಳು. ತಟ್ಟೆ ತಂದಿಟ್ಟು ಒಳಗೆ ಹೋಗುತ್ತಿದ್ದಳು.

ಶನಿವಾರ ಸಂಜೆ ಓದುಮನೆ ಕಿಕ್ಕಿರಿದಿತ್ತು. ಮೆತೊದಿಯ ಮಾತು ನಿಜವಾಗಿತ್ತು. ಅವನೂ ಬಂದು ಗೋಡೆಯ ಬದಿಗೆ ಕೂತಿದ್ದ. ಕಿಡಿಗೇಡಿಗಳು ಸಕ್ಕರೆ ಬೆರೆಸಿದ ಬೇಯಿಸಿದ ಗೋಧಿಯನ್ನು, ತಿಥಿಯಲ್ಲಿ ಹಂಚುವ ಹಾಗೆಯೇ, ಚಮಚ ಹಾಕಿ ಬಾಗಿಲಲ್ಲಿ ಹಂಚುತ್ತಿದ್ದರು. ಯಾರೋ ಗೋಳಾಡುವ ಹೆಂಗಸರ ಹಾಗೆ ರಾಗ ಎಳೆದರು. ಎಲ್ಲರೂ ಚಪ್ಪಾಳೆ ತಟ್ಟಿದರು. ದಪ್ಪ ಮೀಸೆ, ದಿಂಬಿನ ಹೊಟ್ಟೆ, ಒಡೆಯನ ಕೋಟು ಹಾಕಿಕೊಂಡ ರಾಂಗೆಲ್ ಪರದೆಯ ಮುಂದೆ ಬಂದು ನಿಂತಾಗ ಕಟ್ಟಡ ಅಲುಗಾಡುವ ಹಾಗೆ ಕೂಗಿದರು.

ಆಗ ಬಾಗಿಲ ಬಳಿ ಗದ್ದಲ ಅಡಗಿತು. ಅಡಗುತ್ತಾ ಅಡಗುತ್ತಾ ಸಾಲಿನಿಂದ ಸಾಲಿಗೆ ಮುಂದೆ ಬಂತು.

ಪರ್ವಾನ್ ಬಾಲ್ಟೊವ್ ನಡು ದಾರಿಯಲ್ಲಿ ನಡೆದು ಬರುತ್ತಿದ್ದ. ಕೈಯಲ್ಲಿ ಬಿಳಿ ಸೇವಂತಿಗೆಯ ಗೊಂಚಲು. ಹಿಂದೆ ಇಬ್ಬರು. ವೆನೆತಾ ಓಡಿಹೋಗಿ ಮೊದಲ ಸಾಲಿನಲ್ಲಿ ಯಾರನ್ನೋ ಎಬ್ಬಿಸಿದಳು. ಬಾಲ್ಟೊವ್ ಕೂರದೆ ನೇರ ವೇದಿಕೆಗೆ ಹತ್ತಿ ಹೂವು ಕೊಟ್ಟ. ಮುಂದಿನ ಸಾಲಿನ ಹೆಂಗಸರ ಕಣ್ಣು ತಮ್ಮಷ್ಟಕ್ಕೆ ಹೂವಿನ ದಂಟುಗಳನ್ನು ಲೆಕ್ಕ ಹಾಕಿದವು. ಬದುಕಿದ್ದವರಿಗೆ ಬೆಸಸಂಖ್ಯೆ, ಸತ್ತವರಿಗೆ ಸಮಸಂಖ್ಯೆ. ಇವು ಸಮಸಂಖ್ಯೆಯಲ್ಲಿದ್ದವು.

“ಬಹಳ ಒಳ್ಳೆಯ ತಮಾಷೆ,” ಎಂದ ಬಾಲ್ಟೊವ್ ಮೈಕಿನೊಳಗೆ, ಮಗುವನ್ನು ಮಲಗಿಸುವವನ ದನಿಯಲ್ಲಿ. “ನಾನೂ ನಕ್ಕೆ. ಆದ್ರೆ ನಮ್ಮ ಕೆಲವು ಜನ ಗಾಬರಿಯಾಗಿದ್ದಾರೆ, ರಾಂಗೆಲ್. ಏನೇನೋ ಮಾತು ಹಬ್ಬಿಸ್ತಿದ್ದಾರೆ. ಪಾಪ, ಮುಗ್ಧರು. ಅವರಿಗೋಸ್ಕರ ಒಂದ್ಸಲ ನಿನ್ನ ಬಾಯಿಂದ್ಲೇ ಹೇಳ್ಬಿಡು. ಆ ಕಾಗದ ಅಂಟಿಸಿದ್ದು ಯಾರು?”

ಮೈಕು ರಾಂಗೆಲ್‌ನ ಗಲ್ಲದ ಕೆಳಗೆ ಬಂತು.

ಎಂಥ ಅಚ್ಚುಕಟ್ಟು! ‘ನಾನೇ’ ಎಂದರೆ ಚಿತ್ರ ಓಡುತ್ತದೆ, ಜನ ನಗುತ್ತಾರೆ, ಮನೆಗೆ ಹೋಗುತ್ತಾರೆ. ಇನ್ನೊಂದು ವಾರಕ್ಕೋ ತಿಂಗಳಿಗೋ ರಾಂಗೆಲ್ ಯಾವುದಾದರೂ ಹಳ್ಳದಲ್ಲಿ ಬಿದ್ದು ಸಿಕ್ಕಿದರೆ, ಇದೂ ಅವನದೇ ಆಟವಿರಬೇಕು ಎಂದು ಊರು ಒಂದು ಗಳಿಗೆ ಕಾಯುತ್ತದೆ. ಆ ಗಳಿಗೆಯಷ್ಟು ಸಾಕು ಅವರಿಗೆ. ‘ನೀನೇ’ ಎಂದರೆ ಈ ಸಭಾಂಗಣ ಖಾಲಿ. ಮೆತೊದಿ ಕೂತಲ್ಲಿಂದಲೇ ತಲೆಯಾಡಿಸುತ್ತಿದ್ದ: ಹೇಳು, ಹೇಳು, ನಾನೇ ಅನ್ನು. ಅಮ್ಮ ಕೊನೆಯ ಸಾಲಿನಲ್ಲಿ ಕಪ್ಪು ಬಟ್ಟೆಯ ತಲೆವಸ್ತ್ರ ಕಟ್ಟಿ ಕೂತಿದ್ದಳು. ಅವಳು ಯಾವ ಸನ್ನೆಯನ್ನೂ ಮಾಡಲಿಲ್ಲ.

“ನಾನಲ್ಲ,” ಎಂದ ರಾಂಗೆಲ್. “ನೀನು.”

ಸಭಾಂಗಣ ನಗುವಿನಿಂದ ಒಡೆದುಹೋಯಿತು.

“ನಿಜ ಹೇಳ್ತಿದ್ದೀನಿ. ಈ ಮನುಷ್ಯ ಅಂಟಿಸಿದ್ದು. ನನ್ನನ್ನ ಕೊಲ್ತೀನಿ ಅಂತಿದ್ದಾನೆ. ನಗಬೇಡಿ!”

ದಿಂಬಿನ ಹೊಟ್ಟೆಯ ನಕಲಿ ಒಡೆಯ, ಅಸಲಿ ಒಡೆಯನತ್ತ ಬೆರಳು ಚಾಚಿ ಕಿರುಚುವುದನ್ನು ಕಂಡು ಜನ ಕುರ್ಚಿಯಿಂದ ಜಾರಿದರು. ಅವನು ಮೀಸೆ ಕಿತ್ತೆಸೆದ. ಕೇಕೆ ಹಾಕಿದರು. ದಿಂಬು ಎಳೆದು ಬಿಸಾಡಿದ. ಯಾರೋ ಅದನ್ನು ಹಿಡಿದು ಹಿಂದಿನ ಸಾಲಿಗೆ ಎಸೆದರು. ಜೀವಮಾನವೆಲ್ಲ ಇವರ ಬಾಯಿಂದ ಹೊರಡಿಸಲು ಹೆಣಗಿದ ನಗು ಅದೇ. ಈಗ ಅದು ಅವನ ಬಾಯಿಗೆ ತುರುಕಿದ ಬಟ್ಟೆಯಾಗಿತ್ತು. ಬಾಲ್ಟೊವ್ ಕೈಕಟ್ಟಿ, ಅತಿಥಿಯ ಹಾಗೆ ಮುಗುಳ್ನಗುತ್ತಾ ನಿಂತಿದ್ದ.

ದೋನಾ ಎದ್ದಳು. ಹಿಂದಿನಿಂದ ಮುಂದಕ್ಕೆ ಬರಲು ಅವಳ ಮಂಡಿಗಳು ಬಹಳ ಹೊತ್ತು ತೆಗೆದುಕೊಂಡವು. ವೇದಿಕೆ ಹತ್ತಲಿಲ್ಲ. ಕೆಳಗೇ ನಿಂತು ಜನರತ್ತ ತಿರುಗಿದಳು.

“ನನ್ನ ಮಗ ಪೋಲಿ. ನಮ್ಮ ಪಾದ್ರಿಯನ್ನ ಕಳ್ಳ ಅಂತ ತೋರಿಸ್ದ, ನನಗೆ ಜಾಡಿ ಕೊಟ್ಟು ಗಾಳಿ ತುಂಬಿಸ್ದ. ಎಲ್ಲಾನೂ ಮಾಡ್ತಾನೆ,” ಎಂದಳು. ನಗುವಿನ ಬಾಲ ಇನ್ನೂ ಅಲ್ಲಲ್ಲಿ ಆಡುತ್ತಿತ್ತು. “ಆ ಕಾಗದದ ಮೇಲೆ ನನ್ನ ಹೆಸರಿದೆ. ಬದುಕಿರೋ ಮಗನಿಗೆ ತಾಯಿ ದುಃಖತಪ್ತೆ ಅಂತ. ನಿಮ್ಮ ಮನೇಲಿ ಯಾರಾದ್ರೂ ಬರೀತೀರಾ ಹಾಗೆ? ತಮಾಷೆಗಾದ್ರೂ? ಲೇ, ನೀನು ಬರೀತೀಯಾ?” ಗೋಧಿ ಹಂಚುತ್ತಿದ್ದವನನ್ನು ಕೇಳಿದಳು. “ನಿಮ್ಮಮ್ಮನ ಹೆಸರು ಹಾಕಿ? ಬರಿ ನೋಡೋಣ. ಈಗ್ಲೇ ಬರಿ.”

ಅವನು ಚಮಚ ಕೆಳಗಿಟ್ಟ.

ಯಾರೂ ಬರೆಯಲಾರರು. ಹಾಗೆ ಬರೆದರೆ ಅದು ನಿಜವಾಗಿಬಿಡುತ್ತದೆ ಎಂದು ಈ ಊರಿನ ಕುಡುಕನೂ ನಂಬುತ್ತಾನೆ. ರಾಂಗೆಲ್‌ನ ಅತಿ ಪೋಲಿ ಚಿತ್ರದಲ್ಲೂ ಬದುಕಿದ್ದವರ ನಿಜವಾದ ಹೆಸರಿನ ಸಾವಿನ ಕಾಗದ ಬಂದಿರಲಿಲ್ಲ. ಅದು ಈಗ, ಒಬ್ಬೊಬ್ಬರಿಗೇ, ಹೊಳೆಯತೊಡಗಿತು. ಹೊಳೆದವರ ಮುಖದಲ್ಲಿ ಮೊದಲು ನಾಚಿಕೆ ಬಂತು, ಅದರ ಹಿಂದೆಯೇ ಭಯ. ಒಂದು ಕುರ್ಚಿ ಕಿರುಗುಟ್ಟಿತು. ಇನ್ನೊಂದು. ಕೋಟು ಹಾಕಿಕೊಳ್ಳುವ ಸದ್ದು. “ಮಗು ಮನೇಲಿದೆ,” ಎಂದು ಯಾರಿಗೂ ಅಲ್ಲದ ಹಾಗೆ ಗೊಣಗುತ್ತಾ ಒಬ್ಬಳು ಹೊರಟಳು. ಠಾಣೆಯ ಅಧಿಕಾರಿ ಹೆಂಡತಿಯ ಮೊಣಕೈ ಹಿಡಿದು ಎಬ್ಬಿಸಿದ. ತಲೆ ತಗ್ಗಿಸಿಕೊಂಡು, ಬಾಲ್ಟೊವ್‌ನ ಕಣ್ಣಿಗೆ ಬೀಳದ ಹಾಗೆ ಗೋಡೆಯ ಬದಿಗೆ ಸರಿದು, ಜನ ಬಾಗಿಲಲ್ಲಿ ಕರಗಿದರು. ಸಭಾಂಗಣದ ಮುಕ್ಕಾಲು ಪಾಲು ಖಾಲಿಯಾಯಿತು.

ಮೆತೊದಿ ಎದ್ದು ನಿಂತ. ಮತ್ತೆ ಕೂತ. ಮುಖ ಕೈಯಲ್ಲಿ ಮುಚ್ಚಿಕೊಂಡ.

“ಅಯ್ಯೋ, ಹೋಗ್ಬಿಟ್ರಲ್ಲ,” ಎಂದ ಬಾಲ್ಟೊವ್. “ಪರವಾಗಿಲ್ಲ. ಹಚ್ಚು ನಿನ್ನ ಪಿಕ್ಚರ್. ನಾನಂತೂ ನೋಡೋಕೇ ಬಂದವನು.” ಕೆಳಗಿಳಿದು ಮೊದಲ ಸಾಲಿನ ನಡುವೆ ಕೂತ. ಉಳಿದಿರುವ ಮುಖಗಳನ್ನೆಲ್ಲ ಒಮ್ಮೆ ಹಿಂತಿರುಗಿ ನೋಡಿದ, ಆರಾಮವಾಗಿ, ಹೆಸರು ನೆನಪಿಟ್ಟುಕೊಳ್ಳುವವನ ಹಾಗೆ.

ದೀಪ ಆರಿತು, ಚಿತ್ರ ಶುರುವಾಯಿತು. ಪರದೆಯ ಮೇಲೆ ದಪ್ಪ ಮೀಸೆಯ ಒಡೆಯ ನಾಯಿಯ ನಾಡಿ ಹಿಡಿದ. ಯಾರೂ ನಗಲಿಲ್ಲ. ದಾದಿ ವೇಷದ ಮೆತೊದಿ ನಾಯಿಗೆ ಥರ್ಮಾಮೀಟರ್ ಇಡಲು ಹೋಗಿ ಮಂಚ ಮುರಿದ. ಯಾರೂ ನಗಲಿಲ್ಲ. ರಾಂಗೆಲ್ ಯಂತ್ರದ ಪಕ್ಕ ನಿಂತಿದ್ದ. ಮೊದಲ ಜಾಡಿ ಬಂತು. ನಾಯಿ ಮೂಸಿ ಸೀನಿತು.

ಬಾಲ್ಟೊವ್ ನಕ್ಕ.

ದೊಡ್ಡ, ತೆರೆದ, ಧಾರಾಳದ ನಗು. ತೊಡೆ ತಟ್ಟಿಕೊಂಡ. ಹಿಂದಿದ್ದ ಇಬ್ಬರೂ ನಕ್ಕರು. ಆಮೇಲೆ ಕತ್ತಲಲ್ಲಿ ಅಲ್ಲೊಬ್ಬ ಇಲ್ಲೊಬ್ಬ, ಅಪ್ಪಣೆ ಸಿಕ್ಕಿತೆಂಬ ನಿರಾಳದಲ್ಲಿ, ನಗತೊಡಗಿದರು. ಹಾಗಾದರೆ ಏನೂ ಇಲ್ಲ. ಸಾಹೇಬರೇ ನಗುತ್ತಿದ್ದಾರೆ. ಎಲ್ಲ ಸರಿಯಾಗಿದೆ. ಮಕ್ಕಳ ರಕ್ತದಲ್ಲಿನ ಸೀಸವೂ ಒಂದು ಜೋಕು, ಸಾಹೇಬರು ತುಂಬಾ ಒಳ್ಳೆಯವರು, ತಮ್ಮ ಮೇಲಿನ ಜೋಕಿಗೂ ನಗುತ್ತಾರೆ.

ರಾಂಗೆಲ್ ಯಂತ್ರ ನಿಲ್ಲಿಸಿದ. ಸಭಾಂಗಣದ ಎಲ್ಲ ದೀಪಗಳನ್ನೂ ಹಾಕಿದ.

ನಗುತ್ತಿದ್ದವರ ಬಾಯಿಗಳು ಬೆಳಕಿನಲ್ಲಿ ತೆರೆದುಕೊಂಡೇ ಸಿಕ್ಕಿಬಿದ್ದವು.

“ಏನಾಯ್ತು? ಯಂತ್ರ ಕೈ ಕೊಡ್ತಾ?” ಬಾಲ್ಟೊವ್ ತಿರುಗಿ ನೋಡಿದ.

“ಇಲ್ಲ. ನೀನು ಎದ್ದು ಹೋಗು. ಆಮೇಲೆ ಹಚ್ತೀನಿ.”

“ರಾಂಗೆಲ್!” ವೆನೆತಾಳ ದನಿ ಚೀರಿತು. “ಸಾಹೇಬ್ರ ಹತ್ರ ಹೀಗಾ ಮಾತಾಡೋದು?”

“ಇವನು ನಕ್ಕ ಮೇಲೆ ನಗೋ ಜನಕ್ಕೆ ನಾನು ಪಿಕ್ಚರ್ ತೆಗ್ದಿಲ್ಲ, ವೆನೆತಾ ಮೇಡಂ. ಇಷ್ಟು ವರ್ಷ ನಾಯಿಯಾಗಿ, ಕೋಳಿಯಾಗಿ, ಕಳ್ಳನಾಗಿ ಬಿದ್ದಿದ್ದೀನಿ. ಇವನ ಪಾಲಿನ ವಿದೂಷಕನಾಗಿ ಒಂದಿನಾನೂ ಬಿದ್ದಿಲ್ಲ. ಇವತ್ತೂ ಬೀಳಲ್ಲ. ಹೋಗ್ಲಿ ಅವನು.”

ಬಾಲ್ಟೊವ್ ಕಾಲ ಮೇಲೆ ಕಾಲು ಹಾಕಿದ. “ಜನ ನೋಡ್ಬೇಕು ಅಂತಿದ್ದಾರೆ. ಅಲ್ವೇನ್ರಪ್ಪಾ? ಹೇಳಿ ಅವನಿಗೆ, ಹಚ್ಚು ಅಂತ.”

ಯಾರೂ ಹೇಳಲಿಲ್ಲ. ಬೆಳಕಿನಲ್ಲಿ ಎಲ್ಲರಿಗೂ ಎಲ್ಲರ ಮುಖ ಕಾಣುತ್ತಿತ್ತು. ಪಕ್ಕದವನ ಮುಂದೆ ಮೊದಲು ಬಾಯಿ ತೆರೆಯುವ ನಾಚಿಕೆ ಅವರನ್ನು ಹಿಡಿದಿಟ್ಟಿತು. ಧೈರ್ಯ ಅನ್ನುವಷ್ಟು ದೊಡ್ಡದೇನೂ ಆಗಿರಲಿಲ್ಲ ಅದು. ಬಾಲ್ಟೊವ್ ಒಬ್ಬೊಬ್ಬರ ಕಣ್ಣನ್ನೇ ಹುಡುಕ ಹೊರಟ. ಅವರು ನೆಲ ನೋಡಿದರು, ಆದರೆ ಏಳಲಿಲ್ಲ. ಕೇಳಿದ ಮಾತಿಗೆ ಉತ್ತರ ಬಾರದೆ ಕೂತಿದ್ದು ಅವನ ಬದುಕಿನಲ್ಲಿ ಎಂದಾದರೂ ಆಗಿತ್ತೋ ಇಲ್ಲವೋ. ಕಿವಿಯ ತುದಿಯಿಂದ ಕೆಂಪು ಕುತ್ತಿಗೆಗೆ ಇಳಿಯಿತು.

ಮುಂದೆ ಕೂತಿದ್ದ ಒಬ್ಬ ಮುದುಕ, ಕುಲುಮೆಯಲ್ಲಿ ಎದೆ ಸುಟ್ಟುಕೊಂಡವನು, ಕೆಮ್ಮಿ ಕೆಮ್ಮಿ ಕೊನೆಗೆ ಅಂದ: “ಎದ್ದು ಹೋಗಪ್ಪಾ. ನಮಗೆ ಉಸಿರಿರೋ ಅಷ್ಟು ಹೊತ್ತಲ್ಲಿ ಪಿಕ್ಚರ್ ಮುಗೀಬೇಕು.”

ಬಾಲ್ಟೊವ್ ಎದ್ದ. ಮೆತ್ತಗಿನ ದನಿ ಅವನ ಕೈ ಬಿಟ್ಟುಹೋಗಿತ್ತು.

“ನಾಯಿಗಳಾ! ನಾನು ಹಾಕೋ ಅನ್ನ ತಿಂದು ನನ್ನನ್ನೇ ಆಚೆ ಕಳಿಸ್ತೀರಾ?” ರಾಂಗೆಲ್‌ನತ್ತ ತಿರುಗಿದ. “ಏನೋ, ಒಂದು ಕಾಗದ ಅಂಟಿಸಿ ಹೆದರಿಸಿದ್ರೆ ಸಾಕು ಅಂದ್ಕೊಂಡೆ. ಮುಂದಿನದನ್ನ ಯಾರೂ ತಮಾಷೆ ಅಂದ್ಕೊಳ್ಳದ ಹಾಗೆ ಅಂಟಿಸ್ತೀವಿ!”

ಹಿಂದಿದ್ದವನೊಬ್ಬ ಅವನ ತೋಳು ಹಿಡಿದು ಎಳೆದ. ತಾನು ಏನೆಂದೆ ಎಂದು ಬಾಲ್ಟೊವ್‌ಗೂ ಆಗಲೇ ತಿಳಿದದ್ದು. ಬಾಗಿಲು ಬಡಿದುಕೊಂಡಿತು.

“ಕೇಳಿದಿರಾ?” ರಾಂಗೆಲ್ ಉಳಿದವರತ್ತ ತಿರುಗಿದ. “ಅವನೇ ಅಂದದ್ದು. ಕೇಳಿಸ್ತಾ ಎಲ್ರಿಗೂ?”

ಕೇಳಿಸಿತು ಎಂದರೆ ನಾಳೆ ಅದನ್ನು ಇನ್ನೊಂದು ಕಡೆಯೂ ಹೇಳಬೇಕಾಗುತ್ತದೆ ಎಂದು ಅಲ್ಲಿದ್ದವರಿಗೆಲ್ಲ ಗೊತ್ತಿತ್ತು.

“ನಂಗೆ ಕೇಳಿಸ್ತು,” ಎಂದಳು ದೋನಾ.

“ಕಿವಿ ಇದೆಯಲ್ಲ, ಕೇಳದೆ ಏನು?” ಎಂದ ಕೆಮ್ಮಿನ ಮುದುಕ.

ಮೆತೊದಿ ಮುಖದಿಂದ ಕೈ ತೆಗೆದ. ಅಳುತ್ತಿದ್ದ. “ಕೇಳಿಸ್ತು ಕಣೋ ಸೂಳೆಮಗನೇ,” ಎಂದ ಗೆಳೆಯನಿಗೆ, “ನನ್ನನ್ನೂ ಮುಳುಗಿಸಿದೆ ನೀನು. ಕೇಳಿಸ್ತು.” ಆಮೇಲೆ ಇನ್ನೊಂದು ದನಿ, ಹಿಂದಿನ ಸಾಲಿನಿಂದ ಒಬ್ಬ ಹೆಂಗಸಿನದು. ವೆನೆತಾ ಮಾತ್ರ ಬೀಗದ ಕೈಗೊಂಚಲನ್ನು ಎದೆಗೊತ್ತಿಕೊಂಡು ಬಾಗಿಲ ಬಳಿ ನಿಂತೇ ಇದ್ದಳು. ಹೊರಗೆ ಹೋಗಿಯೂ ಇರಲಿಲ್ಲ, ಒಳಗೆ ಬಂದೂ ಇರಲಿಲ್ಲ.

ರಾಂಗೆಲ್ ಚಿತ್ರವನ್ನು ಮತ್ತೆ ಮೊದಲಿನಿಂದ ಹಚ್ಚಿದ. ನಾಯಿಯ ನಾಡಿ, ಮುರಿದ ಮಂಚ, ಮೊದಲ ಜಾಡಿ. ಎರಡನೇ ಜಾಡಿಗೆ ತಾಯಂದಿರು ಸಾಲು ನಿಂತಾಗ ಆ ಹಿಂದಿನ ಸಾಲಿನ ಹೆಂಗಸು ನಕ್ಕಳು. ಅದು ಹಲ್ಲಿನ ಸಂದಿಯಿಂದ ಉಗಿದ ಹಾಗಿತ್ತು. ಮುದುಕ ಕೆಮ್ಮುತ್ತಾ ಸೇರಿಕೊಂಡ. ಮೂಗು ಒರೆಸಿಕೊಳ್ಳುತ್ತಾ ಮೆತೊದಿ ತನ್ನ ಮೇಲೆ ತಾನೇ ನಕ್ಕ. ಸಂತೋಷದ ಒಂದು ಹನಿಯೂ ಆ ನಗುವಿನಲ್ಲಿರಲಿಲ್ಲ. ರಾಂಗೆಲ್ ಇಂಥ ನಗುವನ್ನು ಈ ಮೊದಲು ಯಾರ ಬಾಯಲ್ಲೂ ಕೇಳಿರಲಿಲ್ಲ. ಕಿಟಕಿಯಾಚೆ ಬಾಲ್ಟೊವ್‌ನ ಕಾರಿನ ದೀಪಗಳು ಇನ್ನೂ ಉರಿಯುತ್ತಿದ್ದವು. ಹೊರಗಿದ್ದವರಿಗೆ ಕೇಳಲಿ ಎಂದು ಅವನು ಕಿಟಕಿಯ ಚಿಲಕ ತೆಗೆದ.